ದುಂಡುಗಣ್ಣಿನ ಕಡಲ್ಗಳ್ಳಿ ಬಲಗಡೆಯಿಂದ ಬಂದಳು

ಮೊದಲನೆಯ ಚರ್ಮ ಕೆಟ್ಟದ್ದು ನನ್ನ ಅವಸರದಿಂದ. ನೆನೆಸಿ, ಹೆರೆದ ಆಡಿನ ಚರ್ಮವನ್ನು ನಮ್ಮ ನಾಗಮಂಗಲದ ಕಡೆ ಹಲಗೆಗೆ ಮೊಳೆ ಹೊಡೆದು ಬಿಗಿದು, ನೆರಳಲ್ಲಿ ಗಾಳಿಗೆ ಒಣಗಿಸುತ್ತೇವೆ. ಮಗಳಿರುವ ಈ ಪರದೇಶದ ಊರು ಡ್ರೋಹೆಡಾದ ಫೆಬ್ರವರಿಯಲ್ಲಿ ನೆರಳಿಗೇನೂ ಬರವಿಲ್ಲ, ಒಣಗುವುದೊಂದೇ ಇಲ್ಲ. ಕಾದು ಕಾದು ಸಾಕಾಗಿ ಅದನ್ನು ಅಡುಗೆಮನೆಯ ರೇಡಿಯೇಟರಿನ ಮೇಲೆ ಹಾಸಿದೆ. ಬೆಳಿಗ್ಗೆ ಬಂದು ನೋಡಿದರೆ ಹಪ್ಪಳ! ಅಂಚು ಸುರುಟಿಕೊಂಡು, ನಡುವೆ ಉಬ್ಬಿಕೊಂಡು, ಬೆಳಕಿಗೆ ಹಿಡಿದರೆ ಕರ್ರಗೆ ಕಾಣುತ್ತಿತ್ತು. ಊರಿನಲ್ಲಿದ್ದ ಗಂಡನಿಗೆ ವಿಡಿಯೋ ಕಾಲ್ ಮಾಡಿ ತೋರಿಸಿದೆ.

"ಅದೇನಮ್ಮಿ, ಗೊಂಬೆ ಮಾಡ್ತಿದ್ದೀಯೋ, ಬಾಡೂಟಕ್ಕೆ ಚಕ್ಕಳ ಹುರೀತಿದ್ದೀಯೋ?"

"ನಗ್ರಿ, ನಗ್ರಿ. ಇಷ್ಟು ವರ್ಷ ನಿಮ್ಮ ಗೊಂಬೆಗೆ ಬಾಯಾಗಿದ್ದೋಳು ನಾನು. ಕೈ ನೀವೇ ಆಗಿದ್ರಲ್ಲ."

"ಈಗ ಕೈಯೂ ನೀನೇ ಆಗು. ಇನ್ನೊಂದು ಚರ್ಮ ಐತಾ?"

"ಒಂದೇ ಒಂದು ಐತೆ."

"ಹಂಗಾದ್ರೆ ಅದನ್ನ ಹುರೀಬ್ಯಾಡ."

ತೊಗಲುಗೊಂಬೆ ಆಡಿಸುವುದು ನಮ್ಮ ಮನೆಯ ಕೆಲಸ. ಗಂಡ ಗೊಂಬೆ ಕೊರೆಯುತ್ತಾರೆ, ಪರದೆಯ ಹಿಂದೆ ಕುಣಿಸುತ್ತಾರೆ. ನಾನು ಪಕ್ಕದಲ್ಲಿ ಕೂತು ಹಾಡುತ್ತೇನೆ, ಹೆಣ್ಣು ಪಾತ್ರಕ್ಕೆಲ್ಲ ಮಾತು ಕೊಡುತ್ತೇನೆ. ಚರ್ಮ ಹೆರೆಯುವುದೂ ಬಣ್ಣ ತೀಡುವುದೂ ನನಗೆ ಬರುತ್ತದೆ. ಉಳಿ ಮಾತ್ರ ಒಂದು ದಿನವೂ ಹಿಡಿದವಳಲ್ಲ. ಮೂರನೇ ಕ್ಲಾಸಿಗೆ ಶಾಲೆ ಬಿಟ್ಟ ಹೆಂಗಸು ನಾನು. ಇದರಲ್ಲಿ ಅಕ್ಷರ ತಪ್ಪಿದ್ದರೆ ಮಗಳು ತಿದ್ದಿದ್ದಾಳೆ. ಸಂತೋಷ ಜಾಸ್ತಿಯಾಗಿದ್ದರೆ ಅದನ್ನು ತಿದ್ದಬೇಡ ಎಂದು ಹೇಳಿಬಿಟ್ಟಿದ್ದೇನೆ.

ಆ ಮಗಳು ಇಲ್ಲಿನ ದೊಡ್ಡಾಸ್ಪತ್ರೆಯಲ್ಲಿ ಡಾಕ್ಟರು. ಮೊಮ್ಮಗಳ ಜೊತೆ ಸ್ವಲ್ಪ ದಿನ ಇದ್ದು ಹೋಗೋಣವೆಂದು ಬಂದವಳು, ಕೊರೊನಾ ಬಂದು ವಿಮಾನ ನಿಂತು ಇಲ್ಲೇ ಉಳಿದೆ. ಎರಡನೆಯ ಚಳಿಗಾಲದ ಹೊತ್ತಿಗೆ ಕಾಯಿಲೆ ಜೋರಾಯಿತು, ಶಾಲೆ ಮತ್ತೆ ಮುಚ್ಚಿತು. ಮಗಳು ಡ್ಯೂಟಿ ಮುಗಿಸಿ ಬಂದವಳೇ ಸ್ನಾನ ಮಾಡಿ ಮೂಲೆಯ ಪುಟ್ಟ ಕೋಣೆ ಸೇರುತ್ತಿದ್ದಳು. ಅಮ್ಮ ಮಗಳ ಮಾತೆಲ್ಲ ಬಾಗಿಲಿನ ಆಚೆ ಈಚೆ. ಗ್ರ್ಯಾಂಡ್ ಕೆನಾಲ್ ಡಾಕ್ ಎಂಬ ಕಡೆಯಿದ್ದ ಅಳಿಯನ ಆಫೀಸು ನಮ್ಮನೆಯ ಮಹಡಿಗೇ ಬಂದು ಕೂತಿತ್ತು. ಬೆಳಗಿನಿಂದ ಸಂಜೆಯವರೆಗೂ ಅವನಿಗೆ ಮೀಟಿಂಗು. ಹಾಗಾಗಿ ಏಳು ವರ್ಷದ ಮೊಮ್ಮಗಳಿಗೆ ನಾನು, ನನಗೆ ಅವಳು.

ನಮ್ಮ ಬೀದಿ ಒಂದು ಹಸಿರು ಬಯಲಿನ ಸುತ್ತ ಇದೆ. ಮುಂಚೆಲ್ಲ ಮಕ್ಕಳು ಬಂದು ಬಾಗಿಲು ಬಡಿದು ಇವಳನ್ನು ಕರೆಯುತ್ತಿದ್ದರು. ಆ ಚಳಿಗಾಲದಲ್ಲಿ ಯಾರೂ ಕರೆಯಲಿಲ್ಲ. ಬಯಲಿನಲ್ಲಿ ದೂರ ದೂರ ನಿಂತು ಆಡುತ್ತಿದ್ದರು, ಇವಳು ಕಿಟಕಿಯಿಂದ ನೋಡುತ್ತಿದ್ದಳು. ಒಂದು ದಿನ ಅವರ ಚೆಂಡು ನಮ್ಮ ಅಂಗಳಕ್ಕೆ ಬಂತು. ಇವಳು ಓಡಿಹೋಗಿ ಎತ್ತಿ ಎಸೆದಳು. ಮಕ್ಕಳು ಯಾರೂ ಮುಟ್ಟಲಿಲ್ಲ. ಒಬ್ಬ ಹುಡುಗನ ಅಪ್ಪ ಬಂದು, ಜೇಬಿನಿಂದ ಸ್ಯಾನಿಟೈಸರಿನ ಒದ್ದೆ ಕಾಗದ ತೆಗೆದು, ಚೆಂಡನ್ನು ಸುತ್ತಲೂ ಒರೆಸಿ, ಆಮೇಲೆ ಮಕ್ಕಳ ಕಡೆ ಒದ್ದ. ನಮ್ಮತ್ತ ನೋಡಿ ತಲೆ ತಗ್ಗಿಸಿಕೊಂಡೇ ಹೋದ. ಅವನನ್ನು ಬೈಯಲು ನನಗೆ ಮನಸ್ಸು ಬರಲಿಲ್ಲ. ಅವನ ಮನೆಯಲ್ಲೂ ಉಬ್ಬಸದ ಮುದುಕಿ ಇದ್ದಳು. ಆಸ್ಪತ್ರೆಯವರ ಮನೆ ಎಂದರೆ ಆಗ ಯಾರಿಗೆ ಭಯವಿರಲಿಲ್ಲ? ಆದರೆ ಮೊಮ್ಮಗಳು ಒಳಗೆ ಬಂದು ಕೈ ತೊಳೆದುಕೊಂಡಳು ನೋಡಿ. ಸೋಪು ಹಾಕಿ, ಮತ್ತೆ ಸೋಪು ಹಾಕಿ. ಯಾರೂ ಹೇಳಿರಲಿಲ್ಲ.

ಅವತ್ತೇ ತೀರ್ಮಾನಿಸಿದೆ. ಈ ಮಗು ಅವರ ಹತ್ತಿರ ಹೋಗುವಂತಿಲ್ಲ, ಅವರು ಇಲ್ಲಿಗೆ ಬರುವಂತಿಲ್ಲ. ನಮ್ಮ ಮುಂದಿನ ಕಿಟಕಿ ಮಾತ್ರ ದೊಡ್ಡದಾಗಿದೆ, ಬೀದಿಗೆ ಮುಖ ಮಾಡಿದೆ. ಸಂಜೆ ಬೇಗ ಕತ್ತಲಾಗುತ್ತದೆ. ಗೊಂಬೆ ಆಡಿಸುವವರಿಗೆ ಇನ್ನೇನು ಬೇಕು?

ಯಾವ ಕಥೆ ಎಂದು ಕೇಳಿದರೆ ಮೊಮ್ಮಗಳಿಗೆ ಯೋಚನೆಯೇ ಇಲ್ಲ. "ಪೈರೇಟ್ಸ್!" ಎಂದಳು. ಮನೆಯಲ್ಲೇ ನಡೆಯುವ ಅವಳ ಕ್ಲಾಸಿನಲ್ಲಿ ಆಗ ಹಾಯಿಹಡಗಿನ ಕಾಲದ ಪಾಠ. ಟ್ಯಾಬಿನಲ್ಲಿ ಓದಿದ್ದನ್ನೆಲ್ಲ ನನಗೆ ಹೇಳುವಳು. ಕನ್ನಡ ಕೇಳಿಸಿಕೊಂಡು ಇಂಗ್ಲಿಷಿನಲ್ಲಿ ಉತ್ತರ ಕೊಡುವ ಮಗು, ನನಗೋಸ್ಕರ ಎರಡನ್ನೂ ಕಲಸುತ್ತಿದ್ದಳು.

"ಅಜ್ಜಿ, ಪೈರೇಟ್ ಬೇರೆ, ಪ್ರೈವಟೀರ್ ಬೇರೆ."

"ಇಬ್ರೂ ಏನ್ಮಾಡ್ತಾರೆ?"

"ಶಿಪ್ ರಾಬ್ ಮಾಡ್ತಾರೆ."

"ಮತ್ತೆ ಬೇರೆ ಹೆಂಗೆ?"

"ಪ್ರೈವಟೀರ್‌ಗೆ ಕಿಂಗ್ ಪೇಪರ್ ಕೊಡ್ತಾನೆ. ಎನಿಮಿ ಶಿಪ್ ಅಷ್ಟೇ ರಾಬ್ ಮಾಡ್ಬೋದು. ಕಿಂಗ್‌ಗೆ ಶೇರ್ ಕೊಡ್ಬೇಕು."

"ಯುದ್ಧ ಮುಗಿದ್ಮೇಲೆ ಅವನೇನು ಮಾಡ್ತಾನೆ?"

ಟ್ಯಾಬನ್ನು ಮೇಲೆ ಕೆಳಗೆ ಸರಿಸಿ ನೋಡಿದಳು. "ಅವನಿಗೆ ಬೇರೆ ಜಾಬ್ ಇಲ್ಲ ಅಜ್ಜಿ. ಸೋ ರಾಬ್ ಮಾಡ್ತಾನೇ ಇರ್ತಾನೆ. ದೆನ್ ದೇ ಹ್ಯಾಂಗ್ ಹಿಮ್."

ಅದೇ ಮನುಷ್ಯ, ಅದೇ ಹಡಗು! ನನಗೆ ನಗುವೂ ಬಂತು, ಪಾಪ ಎಂದೂ ಅನ್ನಿಸಿತು. ಗಂಡನಿಗೆ ಹೇಳಿದರೆ ಅವರು, "ಕೆಲಸ ಮಾಡಿಸ್ಕಂಡು ಆಮೇಲೆ ಗುರುತಿಲ್ಲ ಅನ್ನೋರು ಎಲ್ಲಾ ಕಡೆ ಅವ್ರೆ ಬುಡು" ಎಂದರು.

ಚರ್ಮ ಕೊಟ್ಟದ್ದು ಪಕ್ಕದ ಮನೆಯಾಕೆ. ಒಬ್ಬಳೇ ಇರುವ ಹೆಂಗಸು, ನನಗಿಂತ ದೊಡ್ಡವಳು. ತೀರಿಹೋದ ಅವಳ ಗಂಡ ಬೌರಾನ್ ಮಾಡುತ್ತಿದ್ದನಂತೆ. ಬೌರಾನ್ ಎಂದರೆ ಇಲ್ಲಿಯವರು ಕೋಲಿನಿಂದ ಬಾರಿಸುವ ದುಂಡನೆಯ ತಮಟೆ. ಅದಕ್ಕೂ ಆಡಿನ ಚರ್ಮವೇ! ಮೊಮ್ಮಗಳು ಕಾಂಪೌಂಡು ಗೋಡೆಯ ಈಚೆಯಿಂದ ನಮ್ಮ ಗೊಂಬೆಯ ವಿಷಯ ಹೇಳಿದ್ದೇ ತಡ, ಆಕೆ ಶೆಡ್ಡಿನಲ್ಲಿದ್ದ ಎರಡು ಹಳೆಯ ಚರ್ಮ ತಂದು ಗೋಡೆಯ ಮೇಲಿಟ್ಟು ಹಿಂದೆ ಸರಿದು ನಿಂತಳು. ನಾನು ಎರಡು ಕೈಯಲ್ಲಿ ತೆಗೆದು ಕಣ್ಣಿಗೆ ಒತ್ತಿಕೊಂಡೆ. "ಗ್ರ್ಯಾಂಡ್, ಗ್ರ್ಯಾಂಡ್" ಎಂದು ಕೈ ಆಡಿಸಿದಳು. ಇಲ್ಲಿ ಎಲ್ಲದಕ್ಕೂ ಗ್ರ್ಯಾಂಡ್ ಅನ್ನುತ್ತಾರೆ, ಚಹಾ ಚೆನ್ನಾಗಿದ್ದರೂ, ಕಾಲು ಉಳುಕಿದರೂ.

ಕಥೆ ಕೊಟ್ಟವಳೂ ಅವಳೇ. ಹಿಂದೆ ಈ ದೇಶದ ಪಶ್ಚಿಮ ತೀರದಲ್ಲಿ ಒಬ್ಬ ಹೆಂಗಸು ಹಡಗುಗಳನ್ನು ಇಟ್ಟುಕೊಂಡು ಕಡಲನ್ನೇ ಆಳುತ್ತಿದ್ದಳಂತೆ. ಬಂದುಹೋಗುವ ವ್ಯಾಪಾರದ ಹಡಗುಗಳನ್ನು ತಡೆದು ಸುಂಕ ಕೀಳುತ್ತಿದ್ದಳು. ಕೊಡದಿದ್ದವರನ್ನು ದೋಚುತ್ತಿದ್ದಳು. ಒಮ್ಮೆ ದೂರದ ಪಯಣ ಮುಗಿಸಿ ಬರುವಾಗ ಅನ್ನ ನೀರಿಗೆಂದು ಒಂದು ಕೋಟೆಯ ಮುಂದೆ ಹಡಗು ನಿಲ್ಲಿಸಿದಳು. ದೊರೆ ಊಟಕ್ಕೆ ಕೂತಿದ್ದಾನೆ ಎಂದು ಬಾಗಿಲು ತೆಗೆಯಲೇ ಇಲ್ಲ. ಸಿಟ್ಟಿಗೆ ದೊರೆಯ ವಂಶದ ಹುಡುಗನನ್ನು ಎತ್ತಿಕೊಂಡು ಹೊರಟುಹೋದಳು. ಬಿಡಿಸಿಕೊಳ್ಳಲು ಬಂದರೆ ಹೊನ್ನು ಬೇಡವೆಂದಳು. ಊಟದ ಹೊತ್ತಿಗೆ ಕೋಟೆಯ ಬಾಗಿಲು ತೆರೆದಿರಬೇಕು, ಹೊರಗಿನಿಂದ ಬರುವವರಿಗೆ ಒಂದು ತಟ್ಟೆ ಹೆಚ್ಚಿಗೆ ಇಟ್ಟಿರಬೇಕು, ಅಷ್ಟೇ ಸಾಕು ಎಂದಳು. ಈಗಲೂ ಇಡುತ್ತಾರೆ ಎಂದು ಪಕ್ಕದ ಮನೆಯಾಕೆ ಎದೆ ಮುಟ್ಟಿಕೊಂಡು ಹೇಳಿದಳು. ಮೊಮ್ಮಗಳು ಅದನ್ನು ನನಗೆ ತಿಳಿಸಿ ಹೇಳುವಷ್ಟರಲ್ಲಿ ನಾನಾಗಲೇ ಹಾಡು ಕಟ್ಟಲು ಶುರುಮಾಡಿದ್ದೆ.

ಎರಡನೆಯ ಚರ್ಮವನ್ನು ಜೀವ ಕೈಯಲ್ಲಿ ಹಿಡಿದುಕೊಂಡು ಮಾಡಿದೆ. ಬಕೆಟ್ಟಿನ ತಣ್ಣೀರಲ್ಲಿ ನೆನೆಸಿ, ಗಾಜಿನ ಚೂರಿನಿಂದ ಮೆಲ್ಲಗೆ ಹೆರೆದೆ. ಗ್ಯಾರೇಜಿನಲ್ಲಿ ಒಂದು ಹಳೆಯ ಬಾಗಿಲಿನ ಹಲಗೆಗೆ ಸುತ್ತಲೂ ಮೊಳೆ ಹೊಡೆದು ಬಿಗಿದು, ಷಟರನ್ನು ಗೇಣಿನಷ್ಟು ಎತ್ತಿ ಗಾಳಿ ಬಿಟ್ಟೆ. ದಿನಾ ಎದ್ದವಳು ಮುಖ ತೊಳೆಯುವ ಮೊದಲೇ ಹೋಗಿ ಮುಟ್ಟಿ ನೋಡುತ್ತಿದ್ದೆ. ಕೊನೆಗೊಂದು ದಿನ ಮೊಮ್ಮಗಳು ಹಿಂದಿನಿಂದ ಮೊಬೈಲಿನ ಬ್ಯಾಟರಿ ಬೆಳಕು ಬಿಟ್ಟರೆ ಅವಳ ಬೆರಳು ಜೇನಿನ ಬಣ್ಣದಲ್ಲಿ ಕಂಡವು! ಇಬ್ಬರೂ ಕೂಗಿದ ಕೂಗಿಗೆ ಅಳಿಯ ಮೀಟಿಂಗು ಬಿಟ್ಟು ಇಳಿದು ಬಂದ.

"ಅತ್ತೆ, ಏನಾಯ್ತು? ಬಿದ್ರಾ?"

"ಇಲ್ಲಪ್ಪ, ಚರ್ಮ ಒಣಗ್ತು."

ಅವನು ನಮ್ಮಿಬ್ಬರ ಮುಖ ನೋಡಿ ಸುಮ್ಮನೆ ಮೇಲೆ ಹೋದ.

ಅದು ತಮಟೆಯಷ್ಟಗಲದ ಚರ್ಮ, ಅದರಲ್ಲಿ ಇಡೀ ಗೊಂಬೆ ಕೂರುವುದಿಲ್ಲ. ತಲೆ, ಎದೆ, ಲಂಗ, ಒಂದು ಕೈ ಎಂದು ಬಿಡಿಬಿಡಿಯಾಗಿ ಬರೆದು, ಆಮೇಲೆ ದಾರದ ಗಂಟಿನಲ್ಲಿ ಜೋಡಿಸಿದೆ. ಉಳಿಯ ಬದಲು ಅಳಿಯನ ಪೆಟ್ಟಿಗೆಯ ಮೊಳೆಗಳನ್ನು ಕಲ್ಲಿಗೆ ತೀಡಿ ಚೂಪು ಮಾಡಿದೆ. ಕೆಳಗೆ ಚಪಾತಿ ಮಣೆ ಇಟ್ಟೆ. ಫೋನನ್ನು ಸಕ್ಕರೆ ಡಬ್ಬಕ್ಕೆ ಒರಗಿಸಿಟ್ಟರೆ ಅದರೊಳಗಿಂದ ಗಂಡನ ಮಾತು ನಿಲ್ಲುವುದೇ ಇಲ್ಲ.

"ಮೊಳೆ ನೆಟ್ಟಗಿರ್ಲಿ. ಓರೆ ಹೊಡೀಬ್ಯಾಡ. ಹರಿದೋಯ್ತದೆ."

"ನೆಟ್ಟಗೇ ಐತೆ."

"ಫೋನ್ ಓರೆ ಇಟ್ಟಿದ್ದೀಯಾ ಹಂಗಾದ್ರೆ."

ಮೊದಲನೆಯ ಸಾಲು ತೂತು ಒಂದೊಂದೂ ಒಂದೊಂದು ಕಡೆ ಓಡಿಹೋಯಿತು. ಎರಡನೆಯ ಸಾಲಿಗೆ ಕೈ ಹದಕ್ಕೆ ಬಂತು. ಅರಿಶಿನ, ಕುಂಕುಮ, ದೀಪದ ಮಸಿ, ಕೇಕಿಗೆ ಹಾಕುವ ಹಸಿರು ಬಣ್ಣ ತೀಡಿದೆ. ನಡುಮಧ್ಯಕ್ಕೆ ಪಕ್ಕದ ಮನೆಯಾಕೆಯ ಟೊಮೇಟೊ ಗಿಡಕ್ಕೆ ಆಸರೆಯಾಗಿದ್ದ ಬಿದಿರು ಕಡ್ಡಿ ಸೀಳಿ ಕಟ್ಟಿದೆ. ಕೋಟೆ, ದೊರೆ, ಕಾವಲುಗಾರ, ಹಡಗುಗಳನ್ನೆಲ್ಲ ಮೊಮ್ಮಗಳು ಪಾರ್ಸೆಲ್ಲಿನ ರಟ್ಟಿನಲ್ಲಿ ಕತ್ತರಿಸಿದಳು. ರಟ್ಟಿನ ನೆರಳು ಬರೀ ಕಪ್ಪು. ಬಣ್ಣದವಳು ಇವಳೊಬ್ಬಳೇ.

ಕಣ್ಣನ್ನು ನಾವು ಕಡೆಯಲ್ಲಿ ಕೊರೆಯುತ್ತೇವೆ. ಕಣ್ಣು ತೆರೆದರೆ ಗೊಂಬೆಗೆ ಜೀವ ಬಂತೆಂದು ಲೆಕ್ಕ. ಒಳ್ಳೆಯವರಿಗೆ ಮೀನಿನಂಥ ಉದ್ದ ಕಣ್ಣು, ರಾಕ್ಷಸರಿಗೆ ದುಂಡುಗಣ್ಣು. ನನ್ನ ಕೈ ಒಂದು ಕ್ಷಣವೂ ತಡೆಯಲಿಲ್ಲ. ಹಡಗು ದೋಚಿದವಳು, ಮಗು ಎತ್ತಿಕೊಂಡು ಹೋದವಳು! ದುಂಡಗೆ ಕೊರೆದುಬಿಟ್ಟೆ. ಕೋರೆಹಲ್ಲೂ ಒಂದು ಇಟ್ಟಿದ್ದೆ. ದೀಪದ ಮುಂದೆ ಹಿಡಿದರೆ ಏನು ಕಳೆ ಅಂತೀರಿ! ಉಬ್ಬಿಹೋದೆ. ಮೊಮ್ಮಗಳನ್ನು ಕರೆದು ತೋರಿಸಿದೆ.

ಅವಳ ಮುಖ ಸಣ್ಣದಾಯಿತು. "ವೈ ಈಸ್ ಶೀ ಸ್ಕೇರಿ?"

"ಕಳ್ಳಿ ಅಲ್ವೇನೇ ಕಂದಾ?"

"ಶೀ ವಾಸ್ ಹಂಗ್ರಿ, ಅಜ್ಜಿ! ಊಟಕ್ಕೆ ಬಂದಿದ್ದು!"

ಹೇಳಿದವಳೇ ಮೇಲೆ ಓಡಿದಳು. ಅಳುವ ಸದ್ದು ಕೇಳಿತು. ನಾನು ಚಪಾತಿ ಮಣೆಯ ಮುಂದೆ ಕೂತೇ ಇದ್ದೆ. ಬೇರೆ ತಲೆ ಮಾಡೋಣವೆಂದರೆ ಉಳಿದದ್ದು ಆ ಹಪ್ಪಳದ ಚರ್ಮ, ಅದರಲ್ಲಿ ಬೆಳಕು ಹಾಯುವುದಿಲ್ಲ. ಕೊರೆದ ತೂತು ಮುಚ್ಚುವುದಿಲ್ಲ. ಗಂಡನನ್ನು ಕೇಳಿದೆ.

"ಕಣ್ಣು ತೆರೆದ್ಮೇಲೆ ಅವಳು ಅವಳೇ ಕಣಮ್ಮಿ. ಬಿಸಾಕಂಗಿಲ್ಲ. ಎಡಗಡೆಯಿಂದ ಬುಡು, ಆಟ ಆಡ್ಸು."

ಪರದೆಯ ಹಿಂದೆ ನಮ್ಮ ಬಲಗೈ ಕಡೆಯಿಂದ ದೇವರು, ರಾಜರು, ಸಜ್ಜನರು ಬರುತ್ತಾರೆ. ರಾಕ್ಷಸರು ಬರುವುದು ಎಡದಿಂದ. ಪೆಟ್ಟಿಗೆಯಲ್ಲಿ ಇಡುವಾಗಲೂ ಇವರನ್ನೂ ಅವರನ್ನೂ ಬೇರೆ ಬೇರೆ ಇಡುತ್ತೇವೆ, ಒಬ್ಬರ ಮೇಲೊಬ್ಬರನ್ನು ಹಾಕುವುದಿಲ್ಲ. ನಮ್ಮ ಅತ್ತೆಯ ಕಾಲದಲ್ಲಿ, ಅವರ ಅತ್ತೆಯ ಕಾಲದಲ್ಲಿ ಇದು ತಪ್ಪಿದ್ದಿಲ್ಲ.

ಮೊಮ್ಮಗಳು ಮುನಿಸಿಕೊಂಡೇ ಪ್ರಾಕ್ಟೀಸಿಗೆ ಬಂದಳು. ಮೊದಲನೆಯ ಸೀನು ಅವಳ ಪಾಠದ ಪ್ರೈವಟೀರ್, ಅಂದರೆ ರಾಜಪತ್ರದ ಕಪ್ತಾನನದು. ಅವನು ರಾಜನ ಚೀಟಿ ಹಿಡಿದು ಬಲಗಡೆಯಿಂದ ಬಂದು ಹಡಗು ದೋಚುತ್ತಾನೆ, ಎಲ್ಲರೂ ಭಲೆ ಅನ್ನುತ್ತಾರೆ. ಯುದ್ಧ ಮುಗಿದ ಮೇಲೆ ನಾನು ಅದೇ ರಟ್ಟನ್ನು ಎಡಗಡೆಯಿಂದ ತಂದೆ, ಹಿಡಿದು ಕಟ್ಟಿದರು. ಎರಡನೆಯ ಸೀನಿಗೆ ಕಡಲ್ಗಳ್ಳಿಯನ್ನು ಎಡಕ್ಕೆ ಹಿಡಿದು ನಿಂತೆ. ಬಲಗಡೆ ಮೊಮ್ಮಗಳು ಹಿಡಿದಿದ್ದ ಕಾವಲುಗಾರನಿಗೆ ನಾನೇ ಗಂಡುದನಿ ತೆಗೆದು, "ಯಾರವಳು? ಬಾಗಿಲು ತೆಗೆಯಲ್ಲ, ಹೋಗಾಚೆ!" ಎಂದೆ.

ಮೊಮ್ಮಗಳು ಕಾವಲುಗಾರನನ್ನು ಕೆಳಗಿಟ್ಟಳು.

"ಅಜ್ಜಿ, ಆ ಕ್ಯಾಪ್ಟನ್ ರೈಟ್‌ನಿಂದ ಬಂದ. ಅವನೂ ರಾಬರ್."

"ಅವನ ಹತ್ರ ರಾಜನ ಚೀಟಿ ಐತಲ್ಲ."

"ಸೋ ಪೇಪರ್ ಇದ್ರೆ ರೈಟ್, ಇಲ್ಲಾಂದ್ರೆ ಲೆಫ್ಟಾ?"

ಅವಳು ಸಿಟ್ಟಿನಲ್ಲಿರಲಿಲ್ಲ, ನಿಜವಾಗಿಯೂ ತಿಳಿದುಕೊಳ್ಳಲು ಕೇಳುತ್ತಿದ್ದಳು. ಆಮೇಲೆ ಮೆಲ್ಲಗೆ ಇನ್ನೊಂದು ಕೇಳಿದಳು. "ಗೇಟ್ ಮುಚ್ಚಿರೋರು ಯಾಕೆ ಗುಡ್ ಸೈಡ್?"

ಇಷ್ಟು ವರ್ಷ ಹಾಡಿದ್ದೇನೆ, ಯಾರೂ ನನ್ನನ್ನು ಇದನ್ನು ಕೇಳಿರಲಿಲ್ಲ. ಫೋನು ಹಚ್ಚಿದೆ. ದುಂಡುಗಣ್ಣಿನವಳನ್ನು ಬಲಗಡೆಯಿಂದ ತರಲೇ ಎಂದು ಗಂಡನನ್ನು ಕೇಳಿದೆ. ಸಿಗ್ನಲ್ ಹೋಯಿತೇನೋ ಅಂದುಕೊಂಡೆ.

"ಕೇಳಿಸ್ತಾ?"

"ಕೇಳಿಸ್ತು ಕಣಮ್ಮಿ." ಫೋನನ್ನು ಹತ್ತಿರ ಹಿಡಿದುಕೊಂಡು ಹೇಳಿದರು. "ನಾನ್ ಇಲ್ಲಿದ್ದೀನಿ. ಅಲ್ಲಿ ಪರದೆ ಹಿಂದೆ ಕೂತಿರೋಳು ನೀನು. ಕೈ ನಿಂದು, ಬಾಯಿ ನಿಂದು. ನೀನು ಎತ್ಲಾಗಿಂದ ತರ್ತೀಯೋ ಅದೇಯ ಬಲಗಡೆ."

ಫೋನಿಟ್ಟು ಕಡಲ್ಗಳ್ಳಿಯನ್ನು ಮೊಮ್ಮಗಳ ಕೈಗೆ ಕೊಟ್ಟೆ. "ತಗೋ. ಬಲಗಡೆ ನೀನೇ ಕೂತ್ಕೋ. ಕಣ್ಣು ದುಂಡಗೇ ಇರ್ಲಿ. ಬರೋ ದಾರಿ ಬದಲಾಯಿಸೋಣ." ಕಾವಲುಗಾರನನ್ನು ಎಡಕ್ಕೆ ನಾನು ತೆಗೆದುಕೊಂಡೆ.

ಆಟದ ದಿನ ಮೊಮ್ಮಗಳು ನಮ್ಮನೆ ಮುಂದಿನ ರಸ್ತೆಯಲ್ಲಿ ಚಾಕ್‌ಪೀಸಿನಿಂದ ದೊಡ್ಡ ಹಡಗು ಬರೆದು, ಸಂಜೆ ಆಟವಿದೆ ಎಂದು ಬರೆದಳು. ಪಕ್ಕದ ಮನೆಯಾಕೆ ಬೀದಿಯವರ ವಾಟ್ಸಾಪಿನಲ್ಲಿ ಹಾಕಿದಳು. ಎಲ್ಲರೂ ತಂತಮ್ಮ ಗೇಟಿನಲ್ಲೇ, ತಂತಮ್ಮ ಮನೆಯವರ ಜೊತೆಯಲ್ಲೇ ನಿಂತು ನೋಡಬಹುದು ಎಂದು. ಅಳಿಯ ಕಿಟಕಿಗೆ ತನ್ನ ಬಿಳಿ ಪಂಚೆ ಬಿಗಿದು, ಹಿಂದೆ ದೀಪ ನಿಲ್ಲಿಸಿ, ಹೊರಗಡೆ ಕಿಟಕಿಯ ಕಟ್ಟೆಯ ಮೇಲೆ ಸ್ಪೀಕರನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿಟ್ಟ. ಮಧ್ಯಾಹ್ನವೇ ಸೋನೆ ಹಿಡಿಯಿತು. ಚಾಕ್‌ಪೀಸಿನ ಹಡಗು ಕರಗಿ ಹೋಯಿತು.

"ಯಾರೂ ಬರಲ್ಲ" ಎಂದಳು ಮೊಮ್ಮಗಳು, ಕನ್ನಡದಲ್ಲೇ.

"ಬರ್ತಾರೆ."

"ನಿಂಗೆ ಹೆಂಗೆ ಗೊತ್ತು?"

ಗೊತ್ತಿರಲಿಲ್ಲ. ದೀಪ ಹಚ್ಚಿದ ಮೇಲೆ ಪರದೆಯ ಹಿಂದಿರುವವರಿಗೆ ಆಚೆಯದು ಏನೂ ಕಾಣುವುದಿಲ್ಲ. ಊರಲ್ಲಾದರೆ ಕೂಸಿನ ಅಳು, ಮುದುಕರ ಕೆಮ್ಮು, ಬೀಡಿಯ ವಾಸನೆಯಿಂದಲೇ ಎಷ್ಟು ಜನ ಸೇರಿದ್ದಾರೆ ಎಂದು ಹೇಳಿಬಿಡುತ್ತೇನೆ. ಇಲ್ಲಿ ಎರಡು ಪದರದ ಗಾಜು. ಮೇಲಿನ ಚಿಕ್ಕ ಕಿಂಡಿ ತೆರೆದಿಟ್ಟಿದ್ದರೂ ಬರೀ ಮಳೆಯ ಸದ್ದು. ದೀಪ ಹಚ್ಚಿದ ಮೇಲೆ ಎದ್ದು ಹೋಗುವಂತಿಲ್ಲ, ಬಗ್ಗಿ ನೋಡುವಂತಿಲ್ಲ. ಗಣಪತಿಗೆ ಕೈಮುಗಿದು, ಖಾಲಿ ಬೀದಿಗೇ ಹಾಡುತ್ತಿದ್ದೇನೆಂದುಕೊಂಡು ಹಾಡಿದೆ. ಕಪ್ತಾನನ ಸೀನು ಆಯಿತು. ಅವನು ಹಿಡಿದ ಚೀಟಿ ಕಳಚಿ ಕೆಳಗೆ ಬಿತ್ತು. ನಾನು ಹಾಡಿನಲ್ಲೇ "ಚೀಟಿ ಕಡಲಿಗೆ ಬಿತ್ತು" ಎಂದು ಸೇರಿಸಿಬಿಟ್ಟೆ. ಮೊಮ್ಮಗಳು ನಗಲಿಲ್ಲ. ಅವಳು ಕಿಂಡಿಯ ಕಡೆಯೇ ಕಿವಿ ಕೊಟ್ಟಿದ್ದಳು. ಆಚೆಯಿಂದ ಏನೂ ಇಲ್ಲ.

ಆಮೇಲೆ ಬಲಗಡೆಯಿಂದ ಅವಳ ಕೈಯಲ್ಲಿ ಕಡಲ್ಗಳ್ಳಿ ಬಂದಳು. ಕಪ್ಪು ಹಡಗು, ಕಪ್ಪು ಕೋಟೆ, ಅದರ ನಡುವೆ ಕೆಂಪು ಹಸಿರು ಹಳದಿಯಲ್ಲಿ ಅವಳೊಬ್ಬಳು. ದುಂಡುಗಣ್ಣು ಕೆಂಡದ ಹಾಗೆ ಹೊಳೆಯಿತು. ಮೊಮ್ಮಗಳ ದನಿ ಮೊದಲು ನಡುಗಿತು, ಆಮೇಲೆ ನೆಟ್ಟಗಾಯಿತು. ತುಂಬ ದೂರದಿಂದ ಬಂದಿದ್ದೇನೆ, ಹಸಿವಾಗಿದೆ, ಬಾಗಿಲು ತೆಗೆಯಿರಿ ಎಂದು ಅವಳು ಇಂಗ್ಲಿಷಿನಲ್ಲಿ ಹೇಳಿದಳು. ಎಡಗಡೆಯಿಂದ ನಾನು ಕಾವಲುಗಾರನನ್ನು ತಂದು ಹೊಟ್ಟೆಯಿಂದ ದನಿ ಎಳೆದು, "ತೆಗೆಯಲ್ಲ! ಹೋಗಾಚೆ!" ಎಂದೆ. ಕನ್ನಡ ಅವರಿಗೆ ಅರ್ಥವಾಗುವುದು ಬೇಕಿರಲಿಲ್ಲ. ರಟ್ಟಿನ ಬಾಗಿಲನ್ನು ಧಡ್ ಎಂದು ಮುಚ್ಚಿದೆ.

ಆಗ ಕಿಂಡಿಯಿಂದ ಒಂದು ಮಗುವಿನ ದನಿ ಬಂತು.

"ಲೆಟ್ ಹರ್ ಇನ್!"

ಮೊಮ್ಮಗಳು ನನ್ನನ್ನು ನೋಡಿದಳು. ಅವಳ ಕೈಯ ಗೊಂಬೆ ಹಾಗೇ ನಿಂತಿತ್ತು. ಇನ್ನೊಂದು ದನಿ ಬಂತು, ಬೇರೆ ಕಡೆಯಿಂದ. ಆಮೇಲೆ ಬಯಲಿನ ಆಚೆಯಿಂದ, ಈಚೆಯಿಂದ, ಮಳೆಯಲ್ಲಿ ಮಕ್ಕಳೆಲ್ಲ ಸೇರಿ, "ಲೆಟ್ ಹರ್ ಇನ್! ಲೆಟ್ ಹರ್ ಇನ್!" ಯಾವುದೋ ಗಂಡಸಿನ ದನಿಯೂ ಅದರಲ್ಲಿತ್ತು. ನನಗೆ ಹಾಡು ಮರೆತೇ ಹೋಯಿತು. ಇನ್ನೂ ಹುಡುಗನನ್ನು ಎತ್ತಿಕೊಂಡು ಹೋಗುವ ಸೀನಿತ್ತು, ಬಿಡಿಸಿಕೊಳ್ಳುವ ಸೀನಿತ್ತು.

"ಅಜ್ಜಿ," ಮೊಮ್ಮಗಳು ಪಿಸುಗುಟ್ಟಿದಳು, "ಗೇಟ್ ತೆಗಿ. ಈಗ್ಲೇ ತೆಗಿ."

ತೆಗೆದುಬಿಟ್ಟೆ! ಕಥೆ ಹೇಗಾದರೂ ಹೋಗಲಿ. ಕಾವಲುಗಾರನೇ ಬಾಗಿಲು ತೆರೆದು ಬಗ್ಗಿ ನಮಸ್ಕಾರ ಮಾಡಿದ. ಕಡಲ್ಗಳ್ಳಿ ಒಳಗೆ ನಡೆದಳು, ದೊರೆಯ ಪಕ್ಕದಲ್ಲೇ ಕೂತಳು. ಆಚೆಯ ಗಲಾಟೆ ಹೇಗಿತ್ತೆಂದರೆ ಅಳಿಯ ದೀಪದ ಪಕ್ಕದಲ್ಲೇ ಕುಣಿಯುತ್ತಿದ್ದ, ದೀಪ ಅಲುಗಿ ನೆರಳೆಲ್ಲ ಓಲಾಡಿತು.

ಹೊರಗೆ ಏನಾಯಿತೆಂದು ಹೇಳಿದ್ದು ಮಗಳು. ಡ್ಯೂಟಿ ಮುಗಿಸಿ ಬಂದವಳು ಯಾರ ಹತ್ತಿರವೂ ಹೋಗದೆ, ಬೀದಿಯ ತುದಿಯಲ್ಲಿ ಕಾರಿನಲ್ಲೇ ಕೂತು ನೋಡಿದ್ದಳು. ಆಮೇಲೆ ತನ್ನ ಕೋಣೆಯ ಬಾಗಿಲಿನ ಆಚೆಯಿಂದ ಹೇಳಿದಳು.

"ಅವ್ವ, ಎಲ್ಲಾ ಗೇಟಲ್ಲೂ ಇದ್ರು. ಛತ್ರಿ ಹಿಡ್ಕೊಂಡು. ಅವತ್ತು ಬಾಲ್ ಒರೆಸಿದ್ರಲ್ಲ, ಅವರು ಮಗನ್ನ ಹೆಗಲ ಮೇಲೆ ಕೂರಿಸ್ಕೊಂಡು ಎಲ್ಲರಿಗಿಂತ ಜೋರಾಗಿ ಕೂಗ್ತಿದ್ರು."

ನಾನು ಈಚೆ ಕಡೆ ಬಾಗಿಲಿಗೆ ಬೆನ್ನು ಕೊಟ್ಟು ಕೂತುಕೊಂಡೆ, ಅಷ್ಟೇ.

ಮಾರನೆಯ ದಿನ ಊಟವಾದ ಮೇಲೆ ಮೊಮ್ಮಗಳೂ ನಾನೂ ಮುಂದಿನ ಆಟಕ್ಕೆ ತಯಾರಿ ಶುರುಮಾಡಿದೆವು. ಹಪ್ಪಳದ ಚರ್ಮವನ್ನು ಮತ್ತೆ ನೆನೆಸಿ ನೋಡುವ ಆಸೆ ನನಗೆ. ಅವಳು ಒಂದು ಅಂಚು ಹಿಡಿದಿದ್ದಳು, ನಾನು ಇನ್ನೊಂದು. ಇಬ್ಬರೂ ಹಿಡಿದು ಎಳೆಯದಿದ್ದರೆ ಅದು ಬಿಗಿಯಾಗುವುದಿಲ್ಲ. ಆಗ ಬಯಲಿನಿಂದ ಯಾರೋ ಅವಳ ಹೆಸರು ಹಿಡಿದು ಕೂಗಿದರು. ಎರಡು ಸಲ. ಆಮೇಲೆ ತುಂಬ ಜನ ಒಟ್ಟಿಗೆ.

ಮೊಮ್ಮಗಳು ಚರ್ಮ ಬಿಟ್ಟಳು. ಒದ್ದೆ ಚರ್ಮ ನನ್ನ ಮಡಿಲಿಗೆ ಬಿತ್ತು, ಸೀರೆಯೆಲ್ಲ ನೀರು. ಬೂಟನ್ನು ಅದಲುಬದಲು ಹಾಕಿಕೊಂಡು, ಕೋಟಿನ ಒಂದೇ ತೋಳು ಏರಿಸಿಕೊಂಡು, ಬಾಗಿಲು ಹಾಕದೆ ಓಡಿದಳು. ಅವರು ದೂರ ದೂರ ನಿಂತೇ ಇದ್ದರು, ಇವಳಿಗೂ ಒಂದು ಜಾಗ ಬಿಟ್ಟಿದ್ದರು.

ಫೋನು ಸಕ್ಕರೆ ಡಬ್ಬಕ್ಕೆ ಒರಗಿಕೊಂಡಿತ್ತು. "ಏನದು ಸದ್ದು? ನಿನ್ ಶಿಷ್ಯೆ ಎಲ್ಲೇ?" ಎಂದರು ಗಂಡ.

"ಓಡೋದ್ಲು ಕಣ್ರೀ! ಅರ್ಧ ಕೆಲಸಕ್ಕೆ ಬಿಟ್ಟು ಓಡೋದ್ಲು! ಇನ್ನೇನ್ ಬರಲ್ಲ ಇವತ್ತು!"

"ಅದಕ್ಕೆ ಹಿಂಗ್ ನಗ್ತಾರೇನೇ? ಕೆಲಸ ಕೆಟ್ಟೋಯ್ತಲ್ಲ?"

"ಕೆಡ್ಲಿ ಬುಡ್ರಿ!" ಎಂದೆ. ಬಾಗಿಲಿನಿಂದ ಚಳಿಗಾಳಿ ನುಗ್ಗುತ್ತಿತ್ತು. ಎದ್ದು ಬಾಗಿಲು ಹಾಕಲಿಲ್ಲ.